ಎರಡು ನಿಮಿಷದ ಉಪದೇಶ

ನಮ್ಮ ಬೌದ್ಧ ವಿಹಾರದ ಭಂತೇಜಿ ಯಾರಿಗೇ ಆದರೂ ಧರ್ಮ ಹೇಳುವ ಮುಂಚೆ ಅವರ ಕಾಲು ನೋಡುತ್ತಿದ್ದರು. ಚಪ್ಪಲಿ ಮೆಟ್ಟಿದವರಿಗೆ, ಕೊಡೆ ಹಿಡಿದವರಿಗೆ, ಮಲಗಿಕೊಂಡು ಕೇಳುವವರಿಗೆ ಉಪದೇಶ ಕೊಡಬಾರದೆಂದು ಭಿಕ್ಷುಗಳಿಗೆ ನಿಯಮವಿದೆ. ಕಾಯಿಲೆಯವರಿಗೆ ಮಾತ್ರ ವಿನಾಯಿತಿ. ಹಾಗಾಗಿ ಕಾಲು ನೋಡಿದ ಮೇಲೆ ಮುಖ ನೋಡಿ, "ಮೈ ಹುಷಾರಾಗಿದೆಯಾ?" ಎಂದು ಕೇಳುವರು. ಜೀವಮಾನವಿಡೀ ಹೈಸ್ಕೂಲಿನ ಗಂಟೆಗೆ ತಕ್ಕಂತೆ ಓಡಿದ ನನಗೆ ಈ ನಿಧಾನ ಕಂಡರೆ ಮೈಯೆಲ್ಲ ಉರಿ. ಹಿಂದೆ ಹತ್ತು ಜನ ಕಾಯುತ್ತಿರುವಾಗ ಇದೆಂಥ ಉಪಚಾರ ಎಂದು ಒಳಗೊಳಗೇ ಗೊಣಗುತ್ತಿದ್ದೆ. ಆ ಅವಸರ ನನ್ನದು, ಅದರ ಫಲ ಉಂಡವಳು ಬೇರೆಯವಳು.

ಮಾವಳ್ಳಿಯ ಒಂದು ಮಹಡಿ ಮನೆಯೇ ನಮ್ಮ ವಿಹಾರ. ಹುಣ್ಣಿಮೆಯ ದಿನ ಅಲ್ಲಿಗೆ ಬರಲಾಗದವರಿಗೆ ಭಂತೇಜಿಯ ಮಾತು ತಲುಪಿಸುವ ಕೆಲಸವನ್ನು ನಾನು ಮೊದಲಿನಿಂದ ಮೈಮೇಲೆ ಎಳೆದುಕೊಂಡಿದ್ದೆ. ಮೊದಮೊದಲು ಕೈಯಲ್ಲಿ ಬರೆದು ಸೈಕ್ಲೋಸ್ಟೈಲ್ ಮಾಡಿಸುತ್ತಿದ್ದೆ. ಬೆರಳಿಗೆಲ್ಲ, ಸೆರಗಿಗೆಲ್ಲ ಮಸಿ. ಆಮೇಲೆ ಕ್ಯಾಸೆಟ್ಟು ಬಂತು. ಹಾಳೆಯಾಗಲಿ ಕ್ಯಾಸೆಟ್ಟಾಗಲಿ, ಮನೆಮನೆಗೆ ಒಯ್ಯುತ್ತಿದ್ದವಳು ಗಾಂಧಿ ಬಜಾರಿನಲ್ಲಿ ಸೊಪ್ಪು ಮಾರುವ ನನ್ನ ಗೆಳತಿ. ಮೆಂತ್ಯ ಸೊಪ್ಪಿನ ಕಟ್ಟುಗಳ ಕೆಳಗೆ ಕ್ಯಾಸೆಟ್ಟು ಇಟ್ಟುಕೊಂಡು ಹೋಗುವಳು, ವಾಪಸು ಬರುವಾಗ ಆ ಮನೆಯವರ ಸುದ್ದಿ ತರುವಳು. "ಹನುಮಂತನಗರದ ಅಜ್ಜಿ ಕಣ್ಣು ಹಳದಿ ತಿರುಗೈತೆ ಮೇಡಂ, ಭಂತೇಜಿಗೆ ಹೇಳಿ" ಎನ್ನುವಳು. ಭಂತೇಜಿ ಆ ಅಜ್ಜಿಗೆಂದೇ ಬೇರೆ ಮಾತಾಡಿ, ಅದನ್ನೇ ಕಳಿಸಿ ಎನ್ನುವರು.

ಮೊಬೈಲು ಬಂದ ಮೇಲೆ ನನಗೆ ರೆಕ್ಕೆ ಬಂತು. ನಾನು ಒಮ್ಮೆ ಒತ್ತಿದರೆ ಸಾಕು, ಧ್ವನಿ ಎಲ್ಲರ ಫೋನಿಗೂ ಹೋಗುವುದು. ಅವರು ಉತ್ತರ ಕಳಿಸಿದರೆ ನನಗೊಬ್ಬಳಿಗೇ ಬರುವುದು. ಇನ್ನು ಮೇಲೆ ಬುಟ್ಟಿ ಹೊತ್ತು ಅಲೆಯುವುದು ಬೇಡ ಎಂದು ಗೆಳತಿಗೆ ದೊಡ್ಡ ಉಪಕಾರ ಮಾಡಿದವಳಂತೆ ಹೇಳಿದೆ. ಅವಳ ಮುಖ ಸಣ್ಣದಾಯಿತು. ಅದು ಕಂಡಿತ್ತು, ಆದರೂ ಹೇಳಿದೆ.

ಭಂತೇಜಿ ಮಾತ್ರ ತಕ್ಷಣ ಒಪ್ಪಲಿಲ್ಲ. "ಮಾತು ಹೋಗುತ್ತೆ, ಸರಿ. ಕೇಳಿದವರ ಮುಖ ನೋಡೋರು ಯಾರು?" ಎಂದರು.

"ನಾನಿದೀನಲ್ಲ ಭಂತೇಜಿ. ಉತ್ತರ ಎಲ್ಲಾ ನನ್ನ ಫೋನಿಗೇ ಬರುತ್ತೆ" ಎಂದೆ.

ಅವರು ನನ್ನ ಕಾಲನ್ನೇ ನೋಡಿದರು. ಆಮೇಲೆ ಆಗಲಿ ಎಂದರು.

ಮೊದಲ ಕೆಲವು ತಿಂಗಳು ಒಂದೊಂದು ಉತ್ತರವನ್ನೂ ಕೇಳಿದೆ. ಎಲ್ಲವೂ ಒಂದೇ ತರಹ: ಸಾಧು ಸಾಧು, ಚೆನ್ನಾಗಿತ್ತು ಮೇಡಂ, ನಮಸ್ಕಾರ. ಬರಬರುತ್ತಾ ಕೇಳುವುದು ಬಿಟ್ಟೆ. ಯಾರ ಉತ್ತರ ಬಂದರೂ ಕೈ ಮುಗಿದ ಚಿತ್ರ ಒತ್ತುವುದು, ಮುಂದಕ್ಕೆ ಹೋಗುವುದು. ಪರೀಕ್ಷೆ ಹತ್ತಿರ ಬಂದಾಗ ಮಕ್ಕಳ ನೋಟ್‌ಬುಕ್ಕಿಗೆ ಓದದೆಯೇ ರೈಟ್ ಹಾಕಿ ಸಹಿ ಮಾಡುತ್ತಿದ್ದೆನಲ್ಲ, ಹಾಗೆ.

ಹೋದ ಚಳಿಗಾಲದ ಮಾತು. ಧ್ಯಾನಕ್ಕೆ ಬರುತ್ತಿದ್ದ ಬ್ಯಾಂಕಿನವರೊಬ್ಬರು ಐದು ನಿಮಿಷ ಕೂರುವಷ್ಟರಲ್ಲಿ ಮೊಣಕಾಲು ನೋವೆಂದು ಏಳುವರು, ಇನ್ನೊಂದು ದಿಂಬು ಕೊಡಿ ಎಂದು ಪಕ್ಕದವರನ್ನು ಕೂಗುವರು. ಭಂತೇಜಿ ಅವರನ್ನು ಹತ್ತಿರ ಕರೆದು ಮೊಣಕಾಲನ್ನು ಒತ್ತಿ ನೋಡಿದರು. ಡಾಕ್ಟರು ಏನಂದರು, ಊತ ಇದೆಯೇ, ಮೆಟ್ಟಿಲು ಹತ್ತಿದರೆ ನೋಯುತ್ತದೆಯೇ ಎಂದು ವಿಚಾರಿಸಿದರು. ಏನೂ ಇಲ್ಲವೆಂದು ಖಾತ್ರಿಯಾದ ಮೇಲೆ ನಕ್ಕು ಹೇಳಿದರು: "ನೋವು ಬಂತು ಅಂತ ಏಳಬೇಡಿ. ಯಾರನ್ನೂ ಕೂಗಬೇಡಿ. ಅದನ್ನೇ ನೋಡ್ತಾ ಕೂತ್ಕೊಳ್ಳಿ. ಬಂದಿದ್ದು ಹೋಗುತ್ತೆ."

ಎಂಥ ಮಾತು ಎನ್ನಿಸಿತು. ಫೋನಿನಲ್ಲಿ ಹಿಡಿದಿದ್ದೆ. ಮನೆಗೆ ಬಂದು ಮೊಣಕಾಲಿನ ವಿಚಾರಣೆಯನ್ನೆಲ್ಲ ಕತ್ತರಿಸಿ ಹಾಕಿ, ಸಾರವನ್ನಷ್ಟೇ ಉಳಿಸಿದೆ. ಎರಡು ನಿಮಿಷ. ಮಾರನೆಯ ಬೆಳಗ್ಗೆ ಆರಕ್ಕೆ ಎಲ್ಲರಿಗೂ ಕಳಿಸಿ ಹಾಲು ಕಾಯಿಸಲು ಹೋದೆ. ಉತ್ತರಗಳು ಟಿಂಗ್ ಟಿಂಗ್ ಎಂದು ಬರುತ್ತಲೇ ಇದ್ದವು. ಒಂದು ಕಣ್ಣು ಹಾಲಿನ ಮೇಲಿಟ್ಟು, ಎಲ್ಲಕ್ಕೂ ಕೈ ಮುಗಿಯುತ್ತಾ ಹೋದೆ.

ಹತ್ತು ಗಂಟೆಗೆ ಅವರೆಕಾಯಿ ತರಲು ಗಾಂಧಿ ಬಜಾರಿಗೆ ಹೋದಾಗ ಗೆಳತಿಯ ಜಾಗ ಖಾಲಿ. ಹಲಗೆಯ ಮೇಲೆ ಗೋಣಿಚೀಲ ಹಾಗೇ ಮುಚ್ಚಿತ್ತು. ಜಡಿಮಳೆಯಲ್ಲೂ ಆ ಜಾಗ ಬಿಟ್ಟವಳಲ್ಲ.

"ಅಕ್ಕ ಇನ್ನೂ ಬಂದಿಲ್ಲ. ಫೋನ್ ಮಾಡಿದ್ರೂ ಎತ್ತುತ್ತಿಲ್ಲ" ಎಂದಳು ಪಕ್ಕದ ಹೂವಿನವಳು.

ಫೋನು ತೆಗೆದೆ. ಗೆಳತಿಗೆ ಓದು ಬರಹ ಅಷ್ಟಕ್ಕಷ್ಟೇ, ಏನಿದ್ದರೂ ಮಾತಾಡಿಯೇ ಕಳಿಸುವಳು. ಆರೂ ಹತ್ತಕ್ಕೆ ಅವಳ ಧ್ವನಿ ಬಂದು ಕೂತಿತ್ತು. ಫುಟ್‌ಪಾತಿನಲ್ಲೇ ನಿಂತು ಕಿವಿಗೆ ಹಿಡಿದೆ.

"ಮೇಡಂ, ಎದ್ದಾಗ್ನಿಂದ ಎದೆ ಹಿಂಡ್ದಂಗೆ ಆಗ್ತೈತೆ. ಎಡಗೈಯೆಲ್ಲಾ ಜೋಮು. ಮಗಳನ್ನ ಕೂಗಾಣ ಅಂತಿದ್ದೆ, ಅಷ್ಟ್ರಲ್ಲಿ ಭಂತೇಜಿ ಮಾತು ಬಂತು. ಕೂಗ್ಬೇಡಿ ಅಂತಾರಲ್ಲ. ಹಂಗೇ ಕೂತ್ಕೊಳ್ಳಾ ಮೇಡಂ?"

ಅದರ ಕೆಳಗೆ ನನ್ನ ಮುಗಿದ ಕೈ.

ಆಟೋ ಹಿಡಿದು ಮಾವಳ್ಳಿಯ ಅವಳ ಮನೆಗೆ ಓಡಿದೆ. ಮಗಳು ಅಡುಗೆಮನೆಯಲ್ಲಿ ಪಾತ್ರೆ ಸದ್ದಾಗದಂತೆ ಕೆಲಸ ಮಾಡುತ್ತಿದ್ದಳು. ತುಟಿಯ ಮೇಲೆ ಬೆರಳಿಟ್ಟು, "ಅಮ್ಮ ಧ್ಯಾನದಲ್ಲಿದಾರೆ" ಎಂದು ಪಿಸುಗುಟ್ಟಿದಳು. ಒಳಗೆ ಗೆಳತಿ ಕಾಲು ಮಡಚಿ ಗೋಡೆಗೆ ಒರಗಿ ಕೂತಿದ್ದಳು. ರವಿಕೆ ಬೆವರಿನಿಂದ ತೊಯ್ದಿತ್ತು. ಕಣ್ಣು ಮುಚ್ಚಿತ್ತು. ತುಟಿ ನೀಲಿಯಾಗಿತ್ತು.

ಆಸ್ಪತ್ರೆಯಲ್ಲಿ ಜೀವ ಉಳಿಯಿತು. ಆದರೆ ಹೃದಯದ ಒಂದು ಭಾಗ ಸತ್ತಿದೆ, ಇನ್ನು ಬುಟ್ಟಿ ಹೊರುವುದಿರಲಿ, ನಾಲ್ಕು ಮೆಟ್ಟಿಲು ಹತ್ತುವುದೂ ಕಷ್ಟ ಎಂದರು ಡಾಕ್ಟರು. ಆರು ಗಂಟೆಗೇ ಕರೆತರಬೇಕಿತ್ತು ಎಂದೂ ಅಂದರು.

ಭಂತೇಜಿಗೆ ಆ ಎರಡು ನಿಮಿಷವನ್ನು ಕೇಳಿಸಿದೆ. ಪೂರ್ತಿ ಕೇಳಿ, "ನಾನು ಮೊಣಕಾಲು ಒತ್ತಿದ್ದು ಎಲ್ಲಿ?" ಎಂದರು. ಬೈಯಲಿಲ್ಲ. ಬೈದಿದ್ದರೆ ಚೆನ್ನಾಗಿತ್ತು.

ಅವತ್ತೇ ಅಳಿಸಿ ಹಾಕಲು ಹೋದೆ. ಆದರೆ ಮಾತು ಆಡಿದರೆ ಹೋಯಿತು, ಮುತ್ತು ಒಡೆದರೆ ಹೋಯಿತು. ವಾರದೊಳಗೆ ಮಲ್ಲೇಶ್ವರದ ನನ್ನ ತಂಗಿ ಅದೇ ಧ್ವನಿಯನ್ನು ನನಗೇ ಕಳಿಸಿದಳು. ಅವಳ ವಾಕಿಂಗ್ ಗುಂಪಿನಲ್ಲಿ ಯಾರೋ ಹಾಕಿದ್ದರಂತೆ, ತಾವರೆಯ ಚಿತ್ರ ಅಂಟಿಸಿ. ಅವರಿಗೆ ಯಾರು ಕಳಿಸಿದರೋ, ಅವರು ಇನ್ನೆಷ್ಟು ಜನಕ್ಕೆ ಕಳಿಸಿದರೋ. ಈಗಲೂ ದಿನಾ ಬೆಳಗ್ಗೆ ಆರಕ್ಕೆ ಎಚ್ಚರವಾದಾಗ ಎಲ್ಲೋ ಯಾರೋ ಎದೆ ಹಿಡಿದುಕೊಂಡು ಅದನ್ನು ಕೇಳುತ್ತಿದ್ದಾರೆ ಎನ್ನಿಸಿ ಭಯವಾಗುತ್ತದೆ.

ಗೆಳತಿ ಮನೆಗೆ ಬಂದ ಮೇಲೆ ನೋಡಲು ಹೋದೆ. ಬಾಗಿಲಲ್ಲಿ ಚಪ್ಪಲಿ ಬಿಟ್ಟು, ಅವಳ ಮಂಚದ ಪಕ್ಕ ಕೂತೆ.

"ನೀವು ಕೈ ಮುಗಿದ್ರಲ್ಲ, ಅದಕ್ಕೇ ಧೈರ್ಯವಾಗಿ ಕೂತೆ ಮೇಡಂ" ಎಂದಳು. ಒಂದೊಂದು ಮಾತಿಗೂ ಉಸಿರು ಹಿಡಿಯುತ್ತಿತ್ತು.

ಅವಳಿಗೆ ನನ್ನ ಮೇಲೆ ಕೋಪವೇ ಇರಲಿಲ್ಲ. ಸುಮ್ಮನಿದ್ದುಬಿಡಬಹುದಿತ್ತು. "ನಾನು ಕೇಳಿಸ್ಕೊಳ್ಳಲೇ ಇಲ್ಲ ಕಣಮ್ಮ. ಸುಮ್ನೆ ಒತ್ತಿದ್ದು" ಎಂದೆ.

ಅವಳು ನನ್ನ ಮುಖವನ್ನೇ ನೋಡಿದಳು. ಆಮೇಲೆ ಕೇಳಿದಳು: "ಹಂಗಾದ್ರೆ ಮಿಕ್ಕಿದವ್ರು ಏನ್ ಕೇಳಿದ್ರು ಮೇಡಂ?"

ಇಷ್ಟು ದಿನವಾದರೂ ನನಗೆ ಅದು ಹೊಳೆದಿರಲಿಲ್ಲ. ಚೀಲದಿಂದ ಫೋನು ತೆಗೆದೆ. ಬೆರಳು ಮೇಲಕ್ಕೆ ಸರಿಸಿದಷ್ಟೂ ಕೇಳದೇ ಬಿಟ್ಟ ಧ್ವನಿಗಳು, ಒಂದೊಂದರ ಕೆಳಗೂ ನನ್ನ ಮುಗಿದ ಕೈ. ಅವಳು ಮಂಚದ ಅಂಚು ಹಿಡಿದು, ಏದುಸಿರು ಬಿಡುತ್ತಾ ಎದ್ದು ಕೂತಳು. ಮೊದಲನೆಯದನ್ನು ಒತ್ತಿದೆ. ಒಂದು ಕೆಮ್ಮು ಕೇಳಿಸಿತು. ಆಮೇಲೆ ಯಾರೋ ಮೆಲ್ಲಗೆ, "ಮೇಡಂ, ಒಂದು ಕೇಳ್ಬೇಕಿತ್ತು" ಎಂದರು.