ನಿಂತ ಕಲ್ಲಿಗೆ ಮುಖ ಯಾವ ಕಡೆ

ನಮ್ಮೂರಿನ ದೇವರು ಮೊದಲನೇ ಲಾರಿಯಲ್ಲೇ ಹೊರಟುಹೋದ. ಹೀಗೆ ಹೇಳಿದರೆ ನಮ್ಮ ಗುಡಿಯ ಭಟ್ಟರಿಗೆ ಸಿಟ್ಟು. ಹೊರಟುಹೋದ ಅನ್ನಬಾರದಂತೆ, ಬಿಜಯಂಗೈದ ಅನ್ನಬೇಕಂತೆ. ನಾನು ಕಂಡಂತೆ ದೇವರು ಗೋಣಿಚೀಲ ಸುತ್ತಿಕೊಂಡು, ಹುಲ್ಲಿನ ಮೇಲೆ ಅಂಗಾತ ಮಲಗಿ, ಎರಡು ಕರುಗಳ ನಡುವೆ ಹೋದ.

ಶರಾವತಿಗೆ ಅಣೆಕಟ್ಟು ಏಳುತ್ತಿದ್ದ ಕಾಲ ಅದು. ಹೊಸನಗರ ತಾಲ್ಲೂಕಿನ ನಮ್ಮ ಊರು ಬರುವ ಮಳೆಗಾಲಕ್ಕೆ ನೀರಿನಡಿ ಹೋಗುತ್ತದೆಂದು ಸರ್ವೆಯವನು ಬಂದು ಹೇಳಿದ್ದ. ಅವನಿಗೆ ನೆಗಡಿಯಾಗಿತ್ತು. ಅವನು ಗದ್ದೆ ದಾಟುವ ಮೊದಲೇ ನಾನು ಅವನ ಮೂಗುದನಿಯಲ್ಲೇ ಆ ಸುದ್ದಿಯನ್ನು ಜಗಲಿಯ ಮೇಲೆ ಇನ್ನೊಮ್ಮೆ ಹೇಳಿದೆ. ಸ್ವಂತ ಮನೆ ಮುಳುಗುವ ಸುದ್ದಿಗೆ ನಮ್ಮ ಮನೆಯವರು ಹೊಟ್ಟೆ ಹಿಡಿದುಕೊಂಡು ನಕ್ಕರು. ನಾನು ಆಗ ಸಾಗರದ ಹೈಸ್ಕೂಲಿನಲ್ಲಿ ಮೇಷ್ಟ್ರುಗಳನ್ನೆಲ್ಲ ಕಲಿತು, ಅವರು ಹೇಳಿಕೊಟ್ಟದ್ದೊಂದನ್ನು ಬಿಟ್ಟು, ಮನೆಗೆ ಬಂದು ಕೂತಿದ್ದ ದಾಂಡಿಗ. ಮೀಸೆ ಬಂದಿತ್ತು, ಬುದ್ಧಿ ದಾರಿಯಲ್ಲಿತ್ತು.

ಆನಂದಪುರದ ಹತ್ತಿರ ನಮಗೆ ಜಾಗ ಸಿಕ್ಕಿತು. ಅಲ್ಲಿ ಮನೆ ಕಟ್ಟಲು ಇಲ್ಲಿಯ ಮನೆಯನ್ನೇ ಬಿಚ್ಚಿಕೊಂಡು ಹೋಗುವುದೆಂದು ಅಪ್ಪಯ್ಯ ತೀರ್ಮಾನಿಸಿದರು. ನಮ್ಮದು ಜಂಬಿಟ್ಟಿಗೆಯ ಮನೆ. ಗುಡ್ಡದಲ್ಲಿ ಅಗೆದಾಗ ಬೆಣ್ಣೆಯಂತೆ ಕೊಯ್ಯಿಸಿಕೊಂಡು, ಗಾಳಿ ಬಿಸಿಲು ತಾಗಿದ ಮೇಲೆ ಗಟ್ಟಿಯಾಗುವ ಕೆಂಪು ಕಲ್ಲು. ಹಾರೆ ಕೊಟ್ಟು ಎಬ್ಬಿಸಿದರೆ ಒಂದೊಂದೂ ಹಲ್ಲು ಕಿತ್ತ ಹಾಗೆ ಬರುತ್ತಿತ್ತು. ಮೊದಲು ಚಾವಡಿ ಹೋಯಿತು, ಆಮೇಲೆ ನಾನು ಹುಟ್ಟಿದ ಕೋಣೆ. ಆ ಕೋಣೆಯ ಗೋಡೆಯನ್ನು ನಾನೇ ಬಿಚ್ಚಿದೆ. ಏನಾದರೂ ಅನ್ನಿಸಬಹುದೆಂದು ನಡುವೆ ಒಮ್ಮೆ ಕೆಲಸ ನಿಲ್ಲಿಸಿ ಕಾದೆ. ಏನೂ ಅನ್ನಿಸಲಿಲ್ಲ. ಬಾಯಾರಿಕೆಯಾಯಿತು.

ಕೊನೆಗೆ ಉಳಿದದ್ದು ಅಡುಗೆಮನೆ. ಅಲ್ಲಿ ಅಜ್ಜಿ ಇದ್ದಳು. ಮೂರು ಗೋಡೆ ಹೋದ ಮೇಲೂ ಒಂದು ಗೋಡೆಗೆ ಒರಗಿದ ಒಲೆಯ ಮುಂದೆ ಕೂತು ಗಂಜಿ ಬೇಯಿಸುತ್ತಿದ್ದಳು. ಹೊರಡು ಅಂದರೆ ಒಂದೇ ಮಾತು.

"ಕೇಳ್ದೇ ಬರಾದಿಲ್ಲ."

"ಯಾರ್ನ ಕೇಳಾದವ್ವಾ? ದೇವ್ರೇ ಹೋಗಿ ಕೂತೈತೆ ಅಲ್ಲಿ," ಅಂದರು ಅಪ್ಪಯ್ಯ.

"ಹೋದೋರ್ನ ಯಾಕೆ ಕೇಳ್ಲಿ? ಇರೋದೊಂದೈತಲ, ಅದನ್ನ ಕೇಳಿ."

ಇರೋದು ಅಂದರೆ ನಿಂತ ಕಲ್ಲು. ಮನೆಯ ಮೂಡಲಿಗೆ, ಗುಡ್ಡದ ಬುಡದಲ್ಲಿ, ಆಳೆತ್ತರಕ್ಕಿಂತ ಎತ್ತರದ ಒಂದು ಕಪ್ಪು ಕಲ್ಲು ಹಲಗೆಯ ಹಾಗೆ ಚಪ್ಪಟೆಯಾಗಿ ನಿಂತಿತ್ತು. ಯಾರು ನಿಲ್ಲಿಸಿದ್ದು, ಯಾತಕ್ಕೆ ನಿಲ್ಲಿಸಿದ್ದು, ಯಾರಿಗೂ ತಿಳಿಯದು. ಕೆಳದಿಯ ರಾಜರು ಆನೆ ಕಟ್ಟಿದ್ದೆಂದು ಅಪ್ಪಯ್ಯ, ಪಾಂಡವರು ನೆಟ್ಟಿದ್ದೆಂದು ಭಟ್ಟರು. ಅಜ್ಜಿಯ ಪ್ರಕಾರ ಅದನ್ನು ಯಾರೂ ನಿಲ್ಲಿಸಿದ್ದಲ್ಲ. ಎಲ್ಲಿಂದಲೋ ನಡೆದು ಬಂದು, ಸುಸ್ತಾಗಿ, ತಾನೇ ನಿಂತದ್ದು. ಇಕ್ಕೇರಿಯ ಗುಡಿಯ ಕಲ್ಲಾದರೆ ಆನೆಯೋ ಸಿಂಹವೋ ನೋಡಿದರೆ ಗೊತ್ತಾಗುತ್ತದೆ. ಇದರ ಮೇಲೆ ಉಳಿಯ ಒಂದು ಗೀರೂ ಇರಲಿಲ್ಲ. ನಾವು ವರ್ಷಕ್ಕೊಮ್ಮೆ ಹೊಸ ಭತ್ತದ ಹಿಡಿ ಅದರ ಬುಡಕ್ಕೆ ಹಾಕಿ ಬರುತ್ತಿದ್ದೆವು. ಏನನ್ನಾದರೂ ಕೇಳುವುದಿದ್ದರೆ ಗುಡಿಯಲ್ಲಿ ದೇವರಿಗೆ ಹೂವಿಟ್ಟು ಕೇಳುತ್ತಿದ್ದೆವು. ಕಲ್ಲನ್ನು ಯಾರೂ ಏನೂ ಕೇಳಿದವರಲ್ಲ.

ಕೊನೆಯ ಲಾರಿ ಬಂದ ದಿನ ಅಪ್ಪಯ್ಯ ಸೋತರು. ಅವತ್ತು ಅಜ್ಜಿ ಹತ್ತದಿದ್ದರೆ ಅವಳನ್ನು ಹೊತ್ತು ಹಾಕಬೇಕಿತ್ತು. ಹೆತ್ತವಳನ್ನು ಭತ್ತದ ಮೂಟೆಯ ಹಾಗೆ ಎತ್ತುವುದು ಅವರಿಂದಾಗದು. ನನ್ನ ಕಡೆ ನೋಡಿದರು. ನಾನು ತಕ್ಷಣ ನಮ್ಮ ಎತ್ತಿನ ಕಡೆ ನೋಡಿದೆ.

"ಭಟ್ರೇ, ಹೂವಿಟ್ಟು ಕೇಳಿಬಿಡಿ ಆ ಕಲ್ಲನ್ನೇ," ಅಂದರು.

ಭಟ್ಟರಿಗೂ ಅದೇ ಲಾರಿಯಲ್ಲಿ ಹೋಗುವುದಿತ್ತು. "ಅದಕ್ಕೆಂತ ಗೌಡ್ರೇ, ಕಲ್ಲಲ್ಲಿ ದೇವರಿಲ್ವಾ," ಎಂದು ಚೊಂಬು ಹಿಡಿದು ಹೊರಟರು. ಮನೆಯ ಕಡೆಯಿಂದ ಹೋಗಿ ಕಲ್ಲಿನ ಎದುರು ನಿಂತು, ದಾಸವಾಳದ ಎರಡು ಎಸಳನ್ನು ನೀರಿನಲ್ಲಿ ಅದ್ದಿ, ಕಲ್ಲಿನ ಎರಡು ಅಂಚಿಗೆ ಒಂದೊಂದು ಅಂಟಿಸಿದರು. ಬಲದ ಎಸಳು ಮೊದಲು ಬಿದ್ದರೆ ಹೊರಡಬಹುದು, ಎಡದ್ದು ಬಿದ್ದರೆ ಇಲ್ಲ. ಅಪ್ಪಯ್ಯ ಕೈಮುಗಿದರು. ಅಜ್ಜಿ ಸೆರಗು ಹೊದ್ದು ಕೂತಳು. ಲಾರಿಯ ಡ್ರೈವರ್ ಬೀಡಿ ಆರಿಸಿ ಬಂದ.

ಬಿಸಿಲಿಗೆ ಕಲ್ಲು ಕಾದಿತ್ತು. ನೀರು ಬೇಗ ಆರಿ ಬಡಗು ದಿಕ್ಕಿನ ಎಸಳು ಕಳಚಿ ಬಿತ್ತು.

"ಬಲ ಆತು!" ಅಂದರು ಭಟ್ಟರು.

ಬಿದ್ದದ್ದು ಭಟ್ಟರ ಎಡಕ್ಕೆ. ಆದರೆ ದೇವರು ನಮಗೆ ಎದುರಾಗಿ ನಿಲ್ಲುವುದರಿಂದ ನಮ್ಮ ಎಡವೇ ದೇವರ ಬಲ. ಇದು ಎಲ್ಲರಿಗೂ ಗೊತ್ತಿದ್ದ ಲೆಕ್ಕ. ಅಪ್ಪಯ್ಯ ಉಸಿರು ಬಿಟ್ಟರು. ಡ್ರೈವರ್ ಲಾರಿಯ ಕಡೆ ತಿರುಗಿದ.

"ಯಾರ ಬಲ?" ಅಂದಳು ಅಜ್ಜಿ.

"ಕಲ್ಲಿನ ಬಲ ಗೌಡ್ತಮ್ಮಾ."

"ಅದರ ಮುಖ ಎತ್ಲಾಗೆ ಭಟ್ರೇ?"

ಭಟ್ಟರು ಯೋಚಿಸದೆ ಬಾಯಿಪಾಠದಿಂದ ಹೇಳಿಬಿಟ್ಟರು. "ಪೂರ್ವಕ್ಕೆ. ದೇವರ ಮುಖ ಪೂರ್ವಕ್ಕಿದ್ರೇ ಶ್ರೇಷ್ಠ."

"ಹಾಂಗಾರೆ ನೀವು ಇಷ್ಟೊತ್ತು ಅದರ ಬೆನ್ನಿಗೆ ಪೂಜೆ ಮಾಡಿದ್ರಿ. ಹೂವು ಎಡಕ್ಕೆ ಬಿತ್ತು."

ಭಟ್ಟರ ಬಾಯಿ ತೆರೆದದ್ದು ತೆರೆದೇ ಇತ್ತು. ಬೇರೆ ದಿನವಾಗಿದ್ದರೆ ಆ ಬಾಯಿಯನ್ನು ನಾನು ಒಂದು ತಿಂಗಳು ಊರಿಗೆಲ್ಲ ತೋರಿಸುತ್ತಿದ್ದೆ. ತೋರಿಸಲು ಊರಿನಲ್ಲಿ ಯಾರೂ ಉಳಿದಿರಲಿಲ್ಲ.

ಅಪ್ಪಯ್ಯ ಕಲ್ಲನ್ನು ಸುತ್ತಿ ಬಂದರು. ಗುಡ್ಡದ ಕಡೆಯೂ ಹಾಗೇ, ಮನೆಯ ಕಡೆಯೂ ಹಾಗೇ. ಅದೇ ಕಪ್ಪು, ಅದೇ ಹಾವಸೆ. ಎದೆಯೂ ಇಲ್ಲ, ಬೆನ್ನೂ ಇಲ್ಲ. ಹೂವಿಡುವ ಮೊದಲೇ ಗೊತ್ತು ಮಾಡಿಕೊಳ್ಳಬೇಕಿತ್ತು. ಯಾರಿಗೂ ಹೊಳೆದಿರಲಿಲ್ಲ.

"ರೋಡಿನ್ ಕಡೀಗಿರ್ತದೆ ಬಿಡಿ," ಅಂದ ಡ್ರೈವರ್.

"ನೀ ಸುಮ್ನಿರಾ ಮಾರಾಯ, ರೋಡಾಗಿದ್ದು ಮೊನ್ನೆ ಮೊನ್ನೆ!" ಎಂದು ಅವನಿಗೆ ಗದರಿ ಅಪ್ಪಯ್ಯ ಅಜ್ಜಿಯ ಕಡೆ ತಿರುಗಿದರು. "ಅವ್ವಾ, ಕೇಳು. ಅದರ ಮುಖ ಮನೆ ಕಡೀಗೇ. ನಾವು ಭತ್ತ ಹಾಕ್ತಿದ್ದಿದ್ದು ಇತ್ಲಾಗಿಂದ ಅಲ್ದನಾ? ಅದು ನಮ್ಮನೇನೇ ನೋಡ್ತಾ ನಿಂತಿರಾದು. ಹೂವು ಬಿದ್ದಿದ್ದು ಬಲಾನೇ."

"ಯಾವ ಮನೆ?" ಅಂದಳು ಅಜ್ಜಿ.

ಅಪ್ಪಯ್ಯ ಹಿಂದಕ್ಕೆ ಕೈ ತೋರಿಸಿದರು. ತೋರಿಸಿದ ಕಡೆ ಒಂದು ಒಲೆಯೂ ಅರ್ಧ ಗೋಡೆಯೂ ಇದ್ದವು. ಉಳಿದ ಮನೆ ಲಾರಿಯ ಮೇಲಿತ್ತು. ಅಪ್ಪಯ್ಯ ಕೈ ಇಳಿಸಿದರು.

ಅಜ್ಜಿ ನನ್ನ ಕಡೆ ನೋಡಿದಳು.

"ಏ ಮಂಗಾ, ಬಾ ಇಲ್ಲಿ. ಊರೋರ್ನೆಲ್ಲ ಮಾಡಿ ತೋರಿಸ್ತೀಯಲ, ಈ ಕಲ್ಲನ್ನೊಂದು ಮಾಡು ಕಾಣಾನ."

"ಅದು ಮಾತೇ ಆಡಾದಿಲ್ಲಲ ಅಜ್ಜಿ, ಎಂಥ ಮಾಡ್ಲಿ?"

"ಮಾತು ಬ್ಯಾಡ. ನಿಂತ್ಕ. ಅದು ನಿಂತಂಗೆ."

ಹೋಗಿ ಕಲ್ಲಿನ ಪಕ್ಕ ನಿಂತೆ. ನನ್ನ ಅನುಕರಣೆಗೆ ಅದಕ್ಕಿಂತ ಮೊದಲು ಯಾರೂ ಹಾಗೆ ಉಸಿರು ಹಿಡಿದು ಕಾದದ್ದಿಲ್ಲ. ನಾನು ಮನೆಯ ಕಡೆ ತಿರುಗಿದರೆ ಅಜ್ಜಿ ಹೊರಡುತ್ತಾಳೆ, ಗುಡ್ಡದ ಕಡೆ ತಿರುಗಿದರೆ ಕೂರುತ್ತಾಳೆ. ಅಪ್ಪಯ್ಯ ಹುಬ್ಬಿನಲ್ಲೇ ನನ್ನನ್ನು ತಿರುಗಿಸುತ್ತಿದ್ದರು. ಅದೊಂದೂ ನನ್ನ ತಲೆಗೆ ಹೋಗಲಿಲ್ಲ. ಕೈ ಇಳಿಬಿಟ್ಟೆ, ಬಾಯಿ ಮುಚ್ಚಿದೆ, ನಿಂತೆ. ಮುಖ ಅವರೆಲ್ಲರ ಕಡೆಗಿತ್ತು, ಮನೆಯಿದ್ದ ಕಡೆಗೆ. ಎಷ್ಟು ಹೊತ್ತು ನಿಂತೆನೋ. ಯಾರೂ ನಗಲಿಲ್ಲ. ಒಳಗೆ ಹುಡುಕಿದರೆ ನನಗೆ ಅಳುವೂ ಸಿಗಲಿಲ್ಲ, ನಗುವೂ ಸಿಗಲಿಲ್ಲ.

"ಯಾಕಾ ಇತ್ಲಾಗೆ ತಿರುಗ್ದೆ?" ಕೇಳಿದಳು ಅಜ್ಜಿ.

"ನೀವೆಲ್ಲ ಇತ್ಲಾಗಿದ್ದೀರಲ ಅಜ್ಜಿ. ನೋಡೋರಿಗೆ ಬೆನ್ನು ಹಾಕಿ ಯಾರು ಆಟ ಮಾಡ್ತಾರೆ?"

"ನೋಡೋರು ಇದ್ದಲ್ಲಿಗೆ ಮುಖ," ಅಂದಳು, ತನಗೇ ಹೇಳಿಕೊಂಡ ಹಾಗೆ. ಮಂಡಿಯ ಮೇಲೆ ಕೈಯೂರಿ ಎದ್ದಳು. "ನೋಡೋರೇ ಹೋದ್ಮೇಲೆ ಇದರ ಮುಖ ಎತ್ಲಾಗಿದ್ರೆ ಎಂಥ."

ಕಲ್ಲಿನ ತೆಂಕಣ ಅಂಚಿನಲ್ಲಿ ಇನ್ನೊಂದು ಎಸಳು ಅಂಟಿಕೊಂಡೇ ಇತ್ತು. ಅಜ್ಜಿ ಅದು ಬೀಳುವುದನ್ನು ಕಾಯಲಿಲ್ಲ. ತಾನೇ ಉಗುರಿನಿಂದ ಕೆರೆದು ತೆಗೆದಳು, ಬೆರಳನ್ನು ಸೆರಗಿಗೆ ಒರೆಸಿಕೊಂಡಳು, ಲಾರಿಯ ಕಡೆ ನಡೆದಳು. ಅಪ್ಪಯ್ಯ ಹಿಂದೆ ಓಡಿದರು. ಅವಳು ಅವರ ಕೈ ಹಿಡಿಯಲಿಲ್ಲ, ಬಿಡಿಸಿಕೊಳ್ಳಲೂ ಇಲ್ಲ.

"ಕಿಟಕಿ ಕಡೆ ಕೂತ್ಕಳಿ ಅಜ್ಜಿ, ಗಾಳಿ ಬತ್ತದೆ," ಅಂದ ಡ್ರೈವರ್.

"ಎತ್ಲಾಗಾದ್ರೂ ಆತು," ಅಂದಳು.

ಭಟ್ಟರೂ ನಾನೂ ಹಿಂದೆ, ಜಂಬಿಟ್ಟಿಗೆಯ ರಾಶಿಯ ಮೇಲೆ ಹತ್ತಿ ಕೂತೆವು. ಲಾರಿ ಹೊರಟಿತು. ಕೆಂಪು ಧೂಳು ಎದ್ದು ಭಟ್ಟರ ಜುಟ್ಟಿನವರೆಗೂ ಹತ್ತಿತು. ಅವರು ಅದನ್ನು ಕೊಡವಿಕೊಂಡು ನನ್ನ ತೊಡೆಗೆ ತಟ್ಟಿದರು.

"ಒಂದು ರೆಪ್ಪೆ ಆಡ್ಲಿಲ್ವಲ ಮಾರಾಯ ನಿಂದು! ಹ್ಯಾಂಗೆ ನಿಂತೆಯಾ ಹಾಂಗೆ?"

ನಾನು ಹಾಗೂ ನಿಂತಿರಲಿಲ್ಲ, ಹೀಗೂ ನಿಂತಿರಲಿಲ್ಲ. ಕಾಲಿಗೆ ಜೋಮು ಹಿಡಿದಿತ್ತು, ಅಷ್ಟೇ.