ಚಿಕ್ಕಪ್ಪನನ್ನು ಸಾಯಿಸಿದ ಮಾತು

ಭಾನುವಾರ ಮಧ್ಯಾಹ್ನ ಟಿವಿ ಮುಂದೆ ನಾವು ನಾಲ್ವರಿದ್ದೆವು: ಗೋಡೆಗೊರಗಿದ ಅಜ್ಜಿ, ಅವರೆಕಾಯಿ ಸುಲಿಯುತ್ತಿದ್ದ ಚಿಕ್ಕಮ್ಮ, ಆಗಷ್ಟೇ ಮಗ್ಗದಿಂದ ಎದ್ದು ಬಂದ ಚಿಕ್ಕಪ್ಪ, ನಾನು. ರೇಷನ್ ಕಾರ್ಡಿನಿಂದ ಚಿಕ್ಕಪ್ಪನ ಹೆಸರು ಹಾರಿಹೋಗಿ ಮೂರು ತಿಂಗಳಾಗಿತ್ತು. ತಮಿಳುನಾಡಿನಲ್ಲಿರುವ ನಮಗೆ ಮನೆಮಾತು ಕನ್ನಡ, ಕಚೇರಿಯ ಮಾತು ತಮಿಳು. ಕಚೇರಿಯಲ್ಲಿ ಕೇಳಿದರೆ, ಆಳು ತೀರಿಹೋಗಿದ್ದಾರೆ ಅಂತ ದಾಖಲೆ ಇದೆ ಅನ್ನುತ್ತಿದ್ದರು. ಹಾಗೆ ಬರೆಸಿದವರು ಯಾರೆಂದು ನಮಗೆ ತಿಳಿದಿರಲಿಲ್ಲ.

ಟಿವಿಯ ತಮಿಳು ಹಾಸ್ಯದಲ್ಲಿ ಒಬ್ಬ ಬಡಪಾಯಿ, ತಾನು ಬದುಕಿದ್ದೇನೆಂದು ಗುಮಾಸ್ತನ ಮುಂದೆ ಗೋಗರೆಯುತ್ತಿದ್ದ. ಸತ್ತವರೇ ಖುದ್ದಾಗಿ ಬಂದು ಸಹಿ ಹಾಕಬೇಕು ಅಂದ ಗುಮಾಸ್ತ.

ಚಿಕ್ಕಪ್ಪ ತೊಡೆ ತಟ್ಟಿಕೊಂಡು ನಕ್ಕ. “ಇವ್ನು ನನ್ ಪಾರ್ಟೇ ಮಾಡ್ತಾವ್ನೆ! ಆದ್ರೆ ಅಂಗೆ ಕೈ ಕಟ್ಕೊಂಡು ನಿಂತ್ರೆ ನಾನಾದ್ರೂ ಇವ್ನು ಸತ್ತವ್ನೆ ಅಂತ್ಲೇ ಬರೀತೀನಿ.”

“ನಗು ಲೇ ನಗು. ಸತ್ತೋನು ಇಷ್ಟು ಜೋರಾಗಿ ನಗೋದ್ನ ನಾನೆಲ್ಲೂ ಕಂಡಿಲ್ಲ,” ಅಂದಳು ಅಜ್ಜಿ.

ಅಷ್ಟರಲ್ಲಿ ಹಾಸ್ಯದೊಳಗಿನ ಹೆಂಡತಿ, ಗಂಡ ಎಲ್ಲಿ ಎಂದವರಿಗೆ “ಪೋಯಿಟ್ಟಾರು” ಅಂದಳು; ಕೇಳಿದವರು ಅವನು ಸತ್ತೇಹೋದನೆಂದು ಅಳತೊಡಗಿದರು. ಚಿಕ್ಕಮ್ಮನ ಕೈ ನಿಂತಿತು.

“ಅಯ್ಯೋ ಶಿವನೇ, ನಾನೂ ಇದೇ ಅಲ್ವಾ ಅಂದಿದ್ದು!”

ಹೆಸರು ಹಾರಿಹೋಗುವ ಮುಂಚೆ ಕಾರ್ಡಿನ ವಿಚಾರಣೆಗೆ ಆಫೀಸರು ಮನೆಗೆ ಬಂದಾಗ ಚಿಕ್ಕಪ್ಪ ಮೊರಪ್ಪೂರಿನ ಅಕ್ಕನ ಮನೆಯಲ್ಲಿದ್ದ. ನಾವು ಆಡುವ ‘ಓಗವ್ರೆ’ಯನ್ನೇ ಚಿಕ್ಕಮ್ಮ ತಮಿಳಿಗೆ ತಿರುಗಿಸಿ ‘ಪೋಯಿಟ್ಟಾರು’ ಅಂದಿದ್ದಳು. ಊರಿಗೆ ಹೋದವರಿಗೂ ತಮಿಳಿನಲ್ಲಿ ಅದೇ ಮಾತು, ತೀರಿಹೋದವರಿಗೂ ಅದೇ. ಯಾವಾಗ ಎಂದು ಆತ ಕೇಳಿದ. ಹೋದ ವಾರ ಅಂದಳು. ಬಗ್ಗಿ ಬರೆಯುತ್ತಿದ್ದವನು ಅವಳ ಹಣೆಯ ಕುಂಕುಮ ನೋಡಲಿಲ್ಲ.

“ಪಾಪ ಅಂದ್ರು. ಬಸ್ನಾಗೆ ಒದ್ದಾಡ್ಕೊಂಡು ಓಗಿದ್ದಕ್ಕೆ ಅಂತಾವ್ರೆ ಅಂದ್ಕೊಂಡೆ. ಮಜ್ಜಿಗೆ ಬ್ಯಾರೆ ಕೊಟ್ಟೆ!”

“ಮಜ್ಜಿಗೆ ಕೊಟ್ಟು ಗಂಡನ್ನ ಕಳಿಸ್ಬಿಟ್ಟಲ್ಲೇ,” ಅಂದ ಚಿಕ್ಕಪ್ಪ.

ಮಾರನೆಯ ಬೆಳಿಗ್ಗೆ ಚಿಕ್ಕಪ್ಪ, ಚಿಕ್ಕಮ್ಮ, ನಾನು ಮೂವರೂ ಕಚೇರಿಗೆ ಹೋದೆವು. ಅದೇ ಆಫೀಸರು. ಚಿಕ್ಕಮ್ಮ ಗಂಡನನ್ನು ಮೇಜಿನ ಮುಂದಕ್ಕೆ ತಳ್ಳಿ, “ಅನ್ನಿಕ್ಕಿ ಪೋಯಿಟ್ಟಾರು ಸಾರ್,” ಅಂದಳು. “ಇಪ್ಪೋ ವಂದುಟ್ಟಾರು.” ಅವತ್ತು ಹೋಗಿದ್ದರು, ಈಗ ಬಂದುಬಿಟ್ಟಿದ್ದಾರೆ!

ಆಫೀಸರು ತಲೆಯೆತ್ತಿ ಅವಳನ್ನು ನೋಡಿದ, ಚಿಕ್ಕಪ್ಪನನ್ನು ನೋಡಿದ. ಅಕ್ಕಪಕ್ಕದ ಮೇಜಿನವರೆಲ್ಲ ನಕ್ಕ ಮೇಲೆ ತಾನೂ ನಕ್ಕು, ಒಂದು ಫಾರಂ ಎಳೆದುಕೊಂಡು, ಯಾರ ಕೈಗೂ ಕೊಡದೆ ತಾನೇ ತುಂಬಿದ.

ಮುಂದಿನ ತಿಂಗಳು ಹೆಸರು ಕಾರ್ಡಿಗೆ ಸೇರಿತು. ಚಿಕ್ಕಪ್ಪ ಒಬ್ಬನೇ ರೇಷನ್ ಅಂಗಡಿಗೆ ಹೋಗಿ, ಯಂತ್ರದ ಮೇಲೆ ಬೆರಳಿಟ್ಟು, ಅಕ್ಕಿ ತಂದ.