ರಾಗ್ನಿಲಕ್ಕನ ಹಗ್ಗ, ನಮ್ಮಜ್ಜನ ಹೆಸರು

ನಮ್ಮ ಸ್ಕಾರ್ವ ದ್ವೀಪದಲ್ಲಿ ಮಂತ್ರ ಬಾರದವರನ್ನು ಒಣಗೈಯವರು ಎನ್ನುತ್ತೇವೆ. ಅದು ಬೈಗುಳವೆಂದು ಯಾರೂ ಒಪ್ಪುವುದಿಲ್ಲ; ಮಕ್ಕಳು ಜಗಳವಾಡುವಾಗ ಮೊದಲು ಬಾಯಿಗೆ ಬರುವುದು ಮಾತ್ರ ಅದೇ.

ರಾಗ್ನಿಲಕ್ಕ ಒಣಗೈ. ಅರವತ್ತೆಂಟರ ಜೀವ. ದೋಣಿಮನೆಯ ಹಿಂದೆ ಕುಳಿತು ಸೆಣಬಿನ ನಾರು ಹೊಸೆಯುವುದೇ ಅವಳ ಕೆಲಸ. ನಾವು ಗಂಟಿನವರು, ಅಂದರೆ ಗಾಳಿಯನ್ನು ಹಗ್ಗದ ಗಂಟಿನಲ್ಲಿ ಕಟ್ಟಿಡುವವರು, ಇಷ್ಟು ಕಾಲ ಮೆರೆದದ್ದು ಅವಳ ಹಗ್ಗದ ಮೇಲೆಯೇ. ಹಗ್ಗಕ್ಕಾಗಿ ಅವಳ ಅಂಗಳದವರೆಗೂ ಹೋಗುತ್ತಿದ್ದೆವು. ಒಳಗೆ ಕರೆದರೆ ಎಲ್ಲರಿಗೂ ಎಲ್ಲೋ ತುರ್ತು ಕೆಲಸವಿರುತ್ತಿತ್ತು. ನನಗೂ ಇರುತ್ತಿತ್ತು.

ಎದುರಿನ ಹೆಲ್ಲ ದ್ವೀಪದವರು ಅಲೆಯವರು. ಅಲೆಯನ್ನು ಎಬ್ಬಿಸುತ್ತಾರೆ, ಮಲಗಿಸುತ್ತಾರೆ. ಅವರಿಗೂ ನಮಗೂ ಮೂವತ್ತೊಂದು ವರ್ಷದ ಜಗಳ. ನಾವು ಬಿರುಗಾಳಿ ಬಿಚ್ಚುವುದು, ಅವರು ಅಲೆ ಎಬ್ಬಿಸುವುದು; ನಡುವಿನ ನೀರನ್ನು ಒಂದು ದೋಣಿಯೂ ದಾಟುವಂತಿರಲಿಲ್ಲ. ಜಗಳ ಶುರುವಾಗುವ ಹಿಂದಿನ ವಾರವಷ್ಟೇ ರಾಗ್ನಿಲಕ್ಕನ ತಂಗಿ ಉನ್ನಿ ಮದುವೆಯಾಗಿ ಹೆಲ್ಲಕ್ಕೆ ಹೋಗಿದ್ದಳು. ಅಲ್ಲಿಂದೀಚೆಗೆ ಅಕ್ಕ ಕಂಡದ್ದು ಆ ದಡದ ಹೊಗೆಯನ್ನು ಮಾತ್ರ. ಹವೆ ತಿಳಿಯಾದ ಬೆಳಿಗ್ಗೆ ಅಲ್ಲಿ ಒಲೆ ಹೊಗೆ ಎದ್ದರೆ, ಉನ್ನಿ ಎದ್ದಳು ಎನ್ನುತ್ತಾ ನಾರು ಕೈಗೆತ್ತಿಕೊಳ್ಳುತ್ತಿದ್ದಳು. ಮೂವತ್ತು ಮನೆಗಳಲ್ಲಿ ಉನ್ನಿಯ ಹೊಗೆ ಯಾವುದು ಎಂದು ಕೇಳಿ ನಾವು ನಗುತ್ತಿದ್ದೆವು. ಮೊದಲು ನಗುತ್ತಿದ್ದವನು ನಾನೇ.

ಕಡೆಗೆ ಎರಡೂ ಕಡೆಯವರಿಗೆ ಸಾಕಾಯಿತು. ನಮ್ಮಲ್ಲಿ ಸಂಧಾನವನ್ನು ಬರೆದಿಡುವುದಿಲ್ಲ, ಕಟ್ಟುತ್ತೇವೆ. ಅವರು ತಂದ ಬಟ್ಟಲಿನ ಕಡಲನೀರಲ್ಲಿ ನಮ್ಮ ಹಗ್ಗ ಅದ್ದಿ, ಇಬ್ಬರೂ ಒಂದೊಂದು ತುದಿ ಹಿಡಿದು ಒಂದೇ ಗಂಟು ಹಾಕಬೇಕು. ಅದಕ್ಕೆ ಮೊದಲು ಹಗ್ಗ ಹೊಸೆದ ಕೈಯ ಹೆಸರು ಹೇಳಬೇಕು. ಹೆಸರು ತಪ್ಪಿದರೆ ಗಂಟು ನಿಲ್ಲುವುದಿಲ್ಲ. ಮೂರು ಸಲ ನಿಲ್ಲದಿದ್ದರೆ ಸಂಧಾನವೇ ಮುರಿದಂತೆ.

ಹೆಸರು ಹೇಳುವ ಭಾಗ್ಯ ಗಂಟಿನವರ ಮುಖ್ಯಸ್ಥನಾದ ನನ್ನದು. ಮುಖ್ಯಸ್ಥನಾದದ್ದು ಯೋಗ್ಯತೆಯಿಂದಲ್ಲ, ನನಗಿಂತ ಹಿರಿಯರಾದ ಮೂವರಿಗೂ ಕಿವಿ ಕೇಳುತ್ತಿರಲಿಲ್ಲ.

ಹಗ್ಗವನ್ನು ರಾಗ್ನಿಲಕ್ಕ ಚಳಿಗಾಲವಿಡೀ ಹೊಸೆದಿದ್ದಳು. ಬೆರಳ ಸಂದುಗಳೆಲ್ಲ ಬಿರಿದಿದ್ದವು. ಆ ದಿನ ಒಳ್ಳೆಯ ಲಂಗ ತೊಟ್ಟು, ತಂಗಿಗೆಂದು ಬಾರ್ಲಿ ರೊಟ್ಟಿ, ಉಣ್ಣೆಯ ಕಾಲುಚೀಲ ಕಟ್ಟಿಕೊಂಡು ಬಂದು, ದೋಣಿ ನಿಲ್ಲುವ ನಮ್ಮ ದಕ್ಕೆಯ ಮೇಲೆ ಕಡೆಯ ಸಾಲಿನಲ್ಲಿ ಕುಳಿತಳು.

ಅಲೆಯವರ ಹಿರಿಯಳು ಹಾಲ್ಡಿಸಮ್ಮ ತಾಮ್ರದ ಬಟ್ಟಲನ್ನು ಮೇಲೆತ್ತಿ ಹಿಡಿದಳು. ಒಂದೇ ದಿನ ಏಳು ಅಲೆ ಮಲಗಿಸಿದ ಅವಳ ಮುತ್ತಜ್ಜ ತಾನೇ ಬಡಿದು ಮಾಡಿದ ಬಟ್ಟಲಂತೆ. ಅವರ ಕಡೆಯವರೆಲ್ಲ ಎದೆ ಉಬ್ಬಿಸಿದರು. ಆಮೇಲೆ ಅವಳು ನನ್ನತ್ತ ತಿರುಗಿ ಕೇಳಿದಳು: "ನಿಮ್ ಹಗ್ಗ ಯಾರ ಕೈದು, ಐವಿನ್?"

ಏಳು ಅಲೆಯ ಮುತ್ತಜ್ಜನ ಪಕ್ಕದಲ್ಲಿ ಒಬ್ಬ ಒಣಗೈ ಮುದುಕಿಯನ್ನು ನಿಲ್ಲಿಸುವುದು ಹೇಗೆ? "ನಮ್ಮಜ್ಜಂದು" ಎಂದುಬಿಟ್ಟೆ.

ನಮ್ಮಜ್ಜ ಬದುಕಿನಲ್ಲಿ ಹುರಿ ಮಾಡಿದ್ದು ಮೀಸೆಯನ್ನು ಮಾತ್ರ. ಹೆಸರು ತಪ್ಪಬಾರದೆಂದು ನಮ್ಮಲ್ಲಿ ಹಾಲುಹಲ್ಲಿನ ಮಗುವಿಗೂ ಗೊತ್ತು. ಇಷ್ಟು ಸಣ್ಣ ಸುಳ್ಳನ್ನು ಮಂತ್ರ ಗಮನಿಸಲಾರದು ಎಂದು ಐವತ್ತೆರಡರ ನಾನು ನಂಬಿಕೊಂಡೆ.

ಗಂಟು ಹಾಕಿದೆವು. ಹಾವಿನಂತೆ ಜಾರಿ ಬಿಚ್ಚಿಕೊಂಡಿತು. ಮತ್ತೆ ಹಾಕಿದೆವು, ಮತ್ತೆ ಬಿಚ್ಚಿಕೊಂಡಿತು. ಬಟ್ಟಲಲ್ಲೇ ಮೋಸವಿದೆ ಎಂದು ನಮ್ಮವರು ಗೊಣಗಿದರು. ಗಂಟಿನವರಿಗೆ ಗಂಟೇ ಬರುವುದಿಲ್ಲವಲ್ಲ ಎಂದು ಅವರ ಕಡೆಯವನೊಬ್ಬ ನಕ್ಕ. ನಮ್ಮವರ ಕೈಗಳು ಸೊಂಟದ ಗಾಳಿಹಗ್ಗಗಳತ್ತ ಹೋದವು. ಹಾಲ್ಡಿಸಮ್ಮ ತುದಿಯನ್ನು ಕೈಬಿಟ್ಟು ದೋಣಿಯತ್ತ ನಡೆದಳು.

ನಾನು ಕಡೆಯ ಸಾಲಿನತ್ತ ನೋಡಿದೆ. ರಾಗ್ನಿಲಕ್ಕ ನನ್ನನ್ನು ನೋಡುತ್ತಿರಲಿಲ್ಲ. ತಂಗಿಗೆಂದು ತಂದ ರೊಟ್ಟಿಯೊಂದನ್ನು ಹೊರತೆಗೆದು, ತಿನ್ನಲು ಪಕ್ಕದ ಮಗುವಿಗೆ ಕೊಟ್ಟಳು. ಇನ್ನು ಆ ದಡಕ್ಕೆ ಹೋಗುವುದಿಲ್ಲವೆಂದು ಅವಳು ಆಗಲೇ ತೀರ್ಮಾನಿಸಿಯಾಗಿತ್ತು.

"ಹಾಲ್ಡಿಸಮ್ಮ, ತಡೀರಿ" ಎಂದೆ. "ನಾ ಸುಳ್ಳು ಹೇಳ್ದೆ. ಅದನ್ನ ಹೊಸೆದದ್ದು ರಾಗ್ನಿಲಕ್ಕ. ಒಣಗೈಯವಳ ಹೆಸರು ನಿಮ್ಮೆದ್ರು ಹೇಳೋಕೆ ನಾಚ್ಕೆ ಆಯ್ತು."

ಹಾಲ್ಡಿಸಮ್ಮ ನನ್ನನ್ನು ಅಡಿಯಿಂದ ಮುಡಿಯವರೆಗೆ ನೋಡಿದಳು. "ಈಗ ಯಾವುದಕ್ಕೆ ನಾಚ್ಕೆ ಆಗ್ತಿದೆ?"

ರಾಗ್ನಿಲಕ್ಕನ ಹೆಸರು ಹೇಳಿ ನನ್ನ ತುದಿ ಎತ್ತಿಕೊಂಡೆ; ಅವಳು ಹಿಂದಿರುಗಿ ಬಂದು ತನ್ನದನ್ನು ಹಿಡಿದಳು. ಮೂರನೆಯ ಸಲ ಗಂಟು ನಿಂತಿತು. ಜನ ನನ್ನ ಬೆನ್ನು ತಟ್ಟಿ, ಎಷ್ಟು ದೊಡ್ಡ ಮನಸ್ಸು, ತುಂಬಿದ ಸಭೆಯಲ್ಲಿ ಒಪ್ಪಿಕೊಂಡನಲ್ಲ ಎಂದು ಹೊಗಳಿದರು. ಬೈದಿದ್ದರೆ ಎಷ್ಟೋ ಹಗುರವಾಗುತ್ತಿತ್ತು.

ಮೊದಲ ದೋಣಿ ಹತ್ತಿದವಳು ರಾಗ್ನಿಲಕ್ಕ. "ಹುಟ್ಟು ನೀನೇ ಹಾಕಪ್ಪಾ" ಎಂದಳು. ಅರ್ಧ ದಾರಿಯಲ್ಲಿ, ಅಂಗೈಯ ಬೊಕ್ಕೆ ಒಡೆದ ಮೇಲೆ, ಹಗ್ಗ ತನ್ನದೆಂದು ಆ ಸಭೆಯಲ್ಲೇ ಎದ್ದು ನಿಂತು ಯಾಕೆ ಹೇಳಲಿಲ್ಲವೆಂದು ಅವಳನ್ನು ಕೇಳಿದೆ.

"ಹೇಳಿದ್ರೆ ನಂಬ್ತಿದ್ರಾ?" ಎಂದಳು. ಕೋಪವಿರಲಿಲ್ಲ, ನಿಜವಾಗಿಯೂ ಕೇಳುತ್ತಿದ್ದಳು. ನಾನು ಹುಟ್ಟು ಹಾಕಿದೆ.

ಹೆಲ್ಲದ ದಕ್ಕೆಯಲ್ಲಿ ಬೆನ್ನು ಬಾಗಿದ ಮುದುಕಿಯೊಬ್ಬಳು ನಿಂತಿದ್ದಳು. ಇಬ್ಬರೂ ಬಹಳ ಹೊತ್ತು ಒಬ್ಬರ ತೋಳನ್ನೊಬ್ಬರು ಹಿಡಿದುಕೊಂಡೇ ಇದ್ದರು. ಆಮೇಲೆ ಉನ್ನಿಗೆ ನಾನು ಕಂಡೆ.

"ಇವ್ರ್ಯಾರೇ ಅಕ್ಕಾ?"

"ಯಾರೋ ಪಾಪ, ಹುಟ್ಟು ಹಾಕೋಕೆ ಬಂದ."

ನಾನು ಗಂಟಿನವರ ಮುಖ್ಯಸ್ಥ ಎನ್ನಲು ಬಾಯಿ ತೆರೆದೆ. ಉನ್ನಿ ಜೇಬಿನಿಂದ ಒಣಮೀನಿನ ತುಂಡು ತೆಗೆದು ಕೈಗಿಟ್ಟು, "ತಿನ್ನಪ್ಪಾ, ದೂರದಿಂದ ಬಂದಿದೀಯ" ಎಂದಳು. ತೆರೆದ ಬಾಯಿಗೆ ಅದನ್ನೇ ಹಾಕಿಕೊಂಡು, ರೊಟ್ಟಿಯ ಚೀಲ ಹೊತ್ತು ಅವರ ಹಿಂದೆ ದಿಬ್ಬ ಹತ್ತಿದೆ.